ಮಾಮಾನ ಹೆಬ್ಬೆಟ್ಟು

ಗಾಬರಿಯಾಗಲು ಕಾರಣ ಬೇಕು ಎಂದು ನಂಬಿದವರನ್ನು ಕಂಡರೆ ನನಗೆ ಹೊಟ್ಟೆಕಿಚ್ಚು. ನನಗೆ ಕಾರಣ ಬೇಕಿಲ್ಲ. ಫೋನು ಹೊಡೆದುಕೊಂಡರೆ ಯಾರೋ ಹೋದರು ಅಂತ ಗಾಬರಿ. ಎರಡು ದಿನ ಹೊಡೆದುಕೊಳ್ಳದಿದ್ದರೆ ಸುದ್ದಿ ಹೇಳುವವರೂ ಹೋದರು ಅಂತ ಗಾಬರಿ. ನಮ್ಮ ಓಣಿಗೆ ಬೆಳಗ್ಗೆ ಆರೂವರೆಗೆ ಪಾವು ಬ್ರೆಡ್ಡು ಮಾರುವವನು ಸೈಕಲ್ಲಿನ ಪೋಂಪೋಂ ಒತ್ತುತ್ತ ಬರುತ್ತಾನೆ. ಇಪ್ಪತ್ತೆರಡು ವರ್ಷದಿಂದ ಬರುತ್ತಿದ್ದಾನೆ. ಬರುತ್ತಾನೆಂದು ಗೊತ್ತಿರುವುದರಿಂದ ನಾನು ಆರೂ ಇಪ್ಪತ್ತಕ್ಕೇ ಎದ್ದು, ಎದೆಯ ಮೇಲೆ ಕೈಯಿಟ್ಟುಕೊಂಡು, ಈಗ ಒತ್ತುತ್ತಾನೆ, ಇನ್ನೇನು ಒತ್ತುತ್ತಾನೆ ಎಂದು ಕಾಯುತ್ತೇನೆ. ಅವನು ಒತ್ತುತ್ತಾನೆ. ನಾನು ಬೆಚ್ಚಿ ಬೀಳುತ್ತೇನೆ. "ನಿಮ್ಮ ಎದಿ ಕುಕ್ಕರ್ ಇದ್ದಂಗ ಐತ್ರಿ. ಒಳಗ ಏನೂ ಬೇಯಂಗಿಲ್ಲ, ಸೀಟಿ ಮಾತ್ರ ಹೊಡೀತೈತಿ" ಎನ್ನುವುದು ನನ್ನ ಹೆಂಡತಿ ನಿರ್ಮಲಾಳ ಅಭಿಪ್ರಾಯ.

ಇಂಥ ನಾನು ಹೊಟ್ಟೆಪಾಡಿಗೆ ಮಾಡುವುದು ಜನರಿಗೆ ನಿಶ್ಚಿಂತೆಯ ನಿದ್ದೆ ಮಾರುವ ವ್ಯಾಪಾರ. ಗೋವಾದ ಮಡಗಾಂವ್ ಮಾರ್ಕೆಟ್ಟಿನ ಹಿಂದಿನ ಗಲ್ಲಿಯಲ್ಲಿ ನಮ್ಮದು ಗಾದಿ, ದಿಂಬು, ಚಾದರದ ಅಂಗಡಿ. ಅಪ್ಪ ಧಾರವಾಡದಿಂದ ಬಂದು ಹಾಕಿದ್ದು. ಕೊರಳಲ್ಲಿ ಅಳತೆಯ ಟೇಪು ನೇತುಹಾಕಿಕೊಂಡು, "ಇದರ ಮ್ಯಾಲ ಮಲಗಿದ್ರ ಮುಂಜಾನಿತನಾ ಎಚ್ಚರಾಗಂಗಿಲ್ರಿ" ಎಂದು ಗಿರಾಕಿಗೆ ಹೇಳುತ್ತೇನೆ. ಹೇಳಿದ ಕೂಡಲೇ, ಅಯ್ಯೋ, ಖರೇನೇ ಎಚ್ಚರಾಗದಿದ್ದರೆ ಏನು ಗತಿ ಎಂದು ಹೆದರಿಕೆಯಾಗುತ್ತದೆ. ಈಗ ಹೇಳಿ, ಇಂಥವನ ಮನೆಗೆ, ಐವತ್ತೆಂಟು ವರ್ಷ ಸಾಯುವುದನ್ನೇ ಕಸುಬು ಮಾಡಿಕೊಂಡ ಸೋದರಮಾವ ಬಂದು ಕೂತರೆ ಏನಾಗಬೇಡ?

ಮಾಮಾನ ಹೆಸರು ಬಸಲಿಂಗಪ್ಪ. ನನ್ನ ಅವ್ವನ ಬೆನ್ನಿಗೆ ಬಿದ್ದ ತಮ್ಮ. ಹದಿನಾರನೇ ವಯಸ್ಸಿಗೆ ಮನೆ ಬಿಟ್ಟು ನಾಟಕದ ಕಂಪನಿ ಸೇರಿದವನು. ಸೇರಿದ್ದು ಪರದೆ ಎಳೆಯುವುದಕ್ಕೆ. ಒಂದು ದಿನ ಹೆಣದ ಪಾತ್ರ ಮಾಡುತ್ತಿದ್ದವನು, "ಮೂರು ವರ್ಷದಿಂದ ಮಲಗಿದ್ದೇ ಆಯಿತು, ಒಂದಾದರೂ ಮಾತು ಕೊಡಿರಿ" ಎಂದು ಸಿಟ್ಟು ಮಾಡಿಕೊಂಡು ಹೋಗಿಬಿಟ್ಟನಂತೆ. ಮಾಲೀಕರು ಮಾಮಾನನ್ನು ಕರೆದು ಮಲಗಿಸಿದರು. ಅಲುಗಾಡದೆ ಮಲಗುವುದರಲ್ಲಿ ಆತ ತೋರಿಸಿದ ಶ್ರದ್ಧೆ ನೋಡಿ ಮರುವರ್ಷ ಸಾಯುವ ಪಾತ್ರ ಕೊಟ್ಟರು. ಅಂದರೆ ಮೊದಲು ಹೆಣ, ಆಮೇಲೆ ಸಾವು, ಅದಾದ ಮೇಲೆ ಸಾಯುವ ಮುಂಚೆ ನಾಲ್ಕು ಮಾತು. ಹೀಗೆ ಮಾಮಾ ಹಿಂದಿನಿಂದ ಮುಂದಕ್ಕೆ ಬೆಳೆದ ಕಲಾವಿದ. ನಾಯಕನಾಗಲಿಲ್ಲ, ಖಳನಾಯಕನೂ ಆಗಲಿಲ್ಲ. ನಾಯಕನ ಅಪ್ಪನಾದ, ನಾಯಕಿಯ ಅಜ್ಜನಾದ, ಗೌಡನಾದ, ಪೂಜಾರಿಯಾದ, ಒಮ್ಮೆ ಸಿನಿಮಾದಲ್ಲಿ ಜಡ್ಜನೂ ಆದ. ಜಡ್ಜ್ ಸಾಯುವುದಿಲ್ಲವಲ್ಲ ಎಂದು ಅವ್ವ ಊರೆಲ್ಲ ಸಕ್ಕರೆ ಹಂಚಿದಳು. ಸಿನಿಮಾ ನೋಡಿದ ಮೇಲೆ ಗೊತ್ತಾಯಿತು, ತೀರ್ಪು ಓದಿ ಕಾರು ಹತ್ತಿದ ಕೂಡಲೇ ಕಾರು ಢಂ ಎಂದಿತ್ತು.

ಕಂಪನಿ ನಾಟಕದ ಒಂದು ರಿವಾಜು ಈಗಿನವರಿಗೆ ಗೊತ್ತಿರಲಿಕ್ಕಿಲ್ಲ. ಅಲ್ಲಿ ಸತ್ತವನೂ ಪ್ರೇಕ್ಷಕರ ಮಾತಿಗೆ ಕಟ್ಟುಬಿದ್ದವನು. ಹಾಡಿಗೆ ಹೇಗೆ 'ವನ್ಸ್ ಮೋರ್' ಎನ್ನುತ್ತಾರೋ ಹಾಗೆ ಸಾವು ಚಲೋ ಬಿದ್ದರೆ ಅದಕ್ಕೂ ವನ್ಸ್ ಮೋರ್. ಆಗ ಸತ್ತವನು ಎದ್ದು, ಧೋತರ ಝಾಡಿಸಿ, ಕೈಮುಗಿದು, ಮತ್ತೆ ಮೊದಲಿನಿಂದ ಸಾಯಬೇಕು. ಗದಗಿನಲ್ಲಿ ಒಮ್ಮೆ ಜನ ಮಾಮಾನನ್ನು ಒಂದೇ ಆಟದಲ್ಲಿ ನಾಲ್ಕು ಸಲ ಸಾಯಿಸಿದ್ದರಂತೆ. "ಮೂರನೇದು ಭಾಳ ಚಲೋ ಬಂದಿತ್ತಪಾ. ನಾಲ್ಕನೇದ್ದಕ್ಕ ಉಸರ ಇರಲಿಲ್ಲ" ಎಂದು ಈಗಲೂ ಹಳಹಳಿಸುತ್ತಾನೆ. ಈ ಕಸುಬಿನಿಂದಾಗಿ ಮಾಮಾನ ಮದುವೆಯೂ ಆಗಲಿಲ್ಲ. ಹುಡುಗಿಯ ಕಡೆಯವರು, ವರನನ್ನು ಹೇಗೂ ನೋಡಬೇಕಲ್ಲ, ಖರ್ಚಿಲ್ಲದೆ ನಾಟಕವೂ ಆಗುತ್ತದೆ ಎಂದು ಥೇಟರಿಗೇ ಬಂದು ಮುಂದಿನ ಸಾಲಿನಲ್ಲಿ ಕೂತರು. ಎರಡನೇ ಅಂಕದಲ್ಲಿ ವರ ಸತ್ತ. ಹುಡುಗಿಯ ಅಜ್ಜಿ ಎದ್ದು, "ನಡೀರಿ, ಆತು" ಎಂದು ಎಲ್ಲರನ್ನೂ ಎಬ್ಬಿಸಿಕೊಂಡು ಹೋದಳು.

ನಮ್ಮ ಅವ್ವ ತಮ್ಮನ ಒಂದು ನಾಟಕವನ್ನೂ ನೋಡಲಿಲ್ಲ. ಕಂಪನಿ ಧಾರವಾಡಕ್ಕೆ ಬಂದರೆ ಆಕೆ ಮನೆಯಲ್ಲೇ ಕೂತಿರುತ್ತಿದ್ದಳು. ಮರುದಿನ ಮಾಮಾ ಊಟಕ್ಕೆ ಬಂದಾಗ ಹೊಸ್ತಿಲ ಹೊರಗೇ ನಿಲ್ಲಿಸಿ, ಉಪ್ಪು ಮೆಣಸಿನಕಾಯಿ ಇಳಿಸಿ ಒಲೆಗೆ ಹಾಕಿ, ಚಿಟಪಟ ಸದ್ದು ಕೇಳಿದ ಮೇಲೆಯೇ ಒಳಗೆ ಬಿಡುತ್ತಿದ್ದಳು. ಎಷ್ಟು ಸಲ ಸತ್ತಿ ಎಂದು ಕೇಳಿ ಅಷ್ಟು ಸಲ ಇಳಿಸುತ್ತಿದ್ದಳು. ಗದಗಿನ ಆಟದ ಸುದ್ದಿ ಕೇಳಿದ ದಿನ ಇಡೀ ಓಣಿ ಕೆಮ್ಮಿತ್ತು. ಅವ್ವ ತೀರಿಕೊಂಡಾಗ ನನ್ನ ಅಕ್ಕನಿಗೆ ಬುಗುಡಿ ಸಿಕ್ಕವು, ನನ್ನ ತಮ್ಮನಿಗೆ ಹಿತ್ತಲು ಸಿಕ್ಕಿತು, ನನಗೆ ಈ ಗಾಬರಿ ಸಿಕ್ಕಿತು.

ಕಂಪನಿ ಮುಚ್ಚಿತು. ಸಿನಿಮಾದವರು ಹೊಸ ಅಪ್ಪಂದಿರನ್ನು ಹುಡುಕಿಕೊಂಡರು. ಹೋದ ವರ್ಷ ಹುಬ್ಬಳ್ಳಿಯಲ್ಲಿ ಮಾಮಾನ ಎದೆಯಲ್ಲಿ ಎರಡು ಸ್ಟೆಂಟ್ ಕೂರಿಸಿದ ಮೇಲೆ, ಎಪ್ಪತ್ತನಾಲ್ಕರ ಮುದುಕ ಒಂಟಿಯಾಗಿರುವುದು ಬೇಡವೆಂದು ನಾನೇ ಮಡಗಾಂವಿಗೆ ಕರೆದುಕೊಂಡು ಬಂದೆ. ಬಂದ ಹದಿನೈದನೇ ದಿನಕ್ಕೆ ಮೊದಲ ಆಘಾತ. ಸಂಜೆ ನಿರ್ಮಲಾ ಟಿ.ವಿ. ಮುಂದೆ ಕೂತು ಬೀನ್ಸು ಸೋಸುತ್ತಿದ್ದವಳು ಒಮ್ಮೆಲೇ, "ರೀ, ಮಾಮಾ ಗ್ವಾಡಿ ಮ್ಯಾಲ ಅದಾರ" ಎಂದಳು. ನಾನು ಓಡಿ ಬಂದು ನೋಡುತ್ತೇನೆ, ಧಾರಾವಾಹಿಯ ಮನೆಯ ಗೋಡೆಗೆ ಮಾಮಾನ ಫೋಟೋ, ಅದಕ್ಕೆ ಶ್ರೀಗಂಧದ ಹಾರ, ಮುಂದೆ ಮಿಣಿಮಿಣಿ ಕೆಂಪು ಬಲ್ಬು. ಹಿಂದಿನಿಂದ ಮಾಮಾ ಬಂದು ಪಾವಿಗೆ ಶೇಂಗಾ ಚಟ್ನಿ ಹಚ್ಚಿಕೊಳ್ಳುತ್ತ, "ಹಾರ ಸೊಟ್ಟ ಹಾಕ್ಯಾರ" ಎಂದ. ಆಪರೇಷನ್ನಿನ ಮೊದಲು ಆ ಧಾರಾವಾಹಿಯಲ್ಲಿ ನಾಲ್ಕು ಕಂತು ಅಜ್ಜನಾಗಿದ್ದನಂತೆ. ಕಾಯಿಲೆಯೆಂದು ಗೊತ್ತಾದ ಮೇಲೆ ಅವರು ಅಜ್ಜನನ್ನು ಸಾಯಿಸಿ, ಇರಲಿ ಎಂದು ಒಂದು ಫೋಟೋ ತೆಗೆದಿಟ್ಟುಕೊಂಡಿದ್ದಾರೆ. ಆ ಮನೆಯ ಸೊಸೆ ದಿನಾ ಅದರ ಮುಂದೆ ನಿಂತು ಅಳುತ್ತಾಳೆ.

ಅದಾದ ಮೇಲೆ ಅಂಗಡಿಯಲ್ಲಿ ಶುರುವಾಯಿತು. ಮಾಮಾ ಹೊತ್ತು ಹೋಗಲೆಂದು ನನ್ನ ಜೊತೆ ಗಲ್ಲಾಪೆಟ್ಟಿಗೆಯ ಪಕ್ಕ ಕೂರುತ್ತಿದ್ದ. ಬಂದರಿನ ಹತ್ತಿರದ ಸಡಾದಿಂದ ಚಾದರ ಕೊಳ್ಳಲು ಬಂದ ಬಾಗಲಕೋಟೆ ಕಡೆಯ ಹೆಣ್ಣುಮಗಳು ಆತನನ್ನು ನೋಡಿದ್ದೇ ನೋಡಿದ್ದು. ಚಾದರ ಅರ್ಧ ಮಡಚಿದವಳು ಕೈಬಿಟ್ಟು, "ನೀವು ಸತ್ತೀರಲ್ರಿ?" ಎಂದಳು.

"ಹೌದ್ರವಾ, ಶುಕ್ರವಾರ" ಎಂದ ಮಾಮಾ.

"ನಮ್ಮ ಅತ್ತಿ ಎರಡು ದಿನಾ ಸರಿಯಾಗಿ ಉಂಡಿಲ್ರಿ."

"ಕಣ್ಣಾರೆ ನೋಡೇನಿ, ಆರಾಮ್ ಅದಾರ, ಉಣ್ಣ್ರಿ ಅಂತ ನಿಮ್ಮ ಅತ್ತಿಗೆ ಹೇಳವಾ."

ಆಕೆ ಹೋಗಿ ಹೇಳಿದಳು. ಅತ್ತೆಗೆ ಮಾತ್ರವಲ್ಲ, ಸಡಾದ ಗುಡ್ಡಕ್ಕೆಲ್ಲ ಹೇಳಿದಳು. ಆ ಗುಡ್ಡದ ಮೇಲೆ ಬಂದರಿನಲ್ಲಿ ದುಡಿಯುವ ನಮ್ಮ ಕಡೆಯ ಮನೆಗಳು ಬಹಳ. ಮುಂದಿನ ರವಿವಾರ ಈರಣ್ಣ ಎಂಬಾತ ಅಂಗಡಿಗೆ ಬಂದ. ಬಂದರಿನಲ್ಲಿ ಕೂಲಿಗಳ ಮುಕಾದಮ, ಬಿಡುವಿನಲ್ಲಿ ನಾಟಕದ ಹುಚ್ಚ. ವರ್ಷಕ್ಕೊಮ್ಮೆ ತಮ್ಮವರನ್ನೇ ಸೇರಿಸಿ ನಾಟಕ ಆಡಿಸುತ್ತಾನೆ. ಮಾಮಾನ ಪಾದ ಮುಟ್ಟಿ, "ಅಜ್ಜಾರ, ನೀವು ಒಂದ ಪಾತ್ರಾ ಮಾಡಾಕ ಬೇಕ್ರಿ. ಗೌಡನ ಪಾತ್ರ. ಎರಡನೇ ಅಂಕಕ್ಕ..." ಎಂದು ನನ್ನ ಮುಖ ನೋಡಿ ನಿಲ್ಲಿಸಿದ.

"ಸಾಯ್ತಾನೇನು?" ಎಂದ ಮಾಮಾ. ಎಷ್ಟೋ ತಿಂಗಳ ಮೇಲೆ ಆತನ ಕಣ್ಣು ಹೊಳೆದದ್ದನ್ನು ಕಂಡೆ.

"ಹೌದ್ರಿ. ಎದಿ ಒಡದು."

ಎದೆಯೊಡೆದು. ಬೇರೆ ರೋಗವೇ ಸಿಗಲಿಲ್ಲವೇ ಇವನಿಗೆ? ನಾನು ಆಗುವುದಿಲ್ಲ ಎಂದೆ. ಹಾವು ಕಚ್ಚಿ ಸಾಯಲಿ, ಬಾವಿಗೆ ಬೀಳಲಿ, ಎದೆಯ ತಂಟೆಗೆ ಮಾತ್ರ ಬರಬೇಡ ಎಂದೆ. ಈರಣ್ಣ ಪೆಚ್ಚಾಗಿ ಹೋದ. ಮರುದಿನ ಮಾಮಾ ಅಂಗಡಿಗೆ ಬರಲಿಲ್ಲ. ಮೂರನೆಯ ದಿನ ಊಟಕ್ಕೆ ಕೂತಾಗ ರೊಟ್ಟಿ ಮುರಿಯುತ್ತ ಹೇಳಿದ: "ಅಳಿಯಾ, ನನ್ನ ಗ್ವಾಡಿಗೆ ಹಾಕ್ಯಾರ. ಗ್ವಾಡಿಗೆ ಹಾಕಿದ ಮ್ಯಾಲ ಯಾರೂ ಇಳಸಂಗಿಲ್ಲ. ನಾನಽ ಒಮ್ಮೆ ಇಳದು ಬರ್ತೇನಪಾ. ಒಂದಽ ಸಲ." ನಿರ್ಮಲಾ ಸಾರು ಬಡಿಸುವುದನ್ನು ಬಿಟ್ಟು ನನ್ನನ್ನು ನೋಡಿದಳು. ಈ ಮನೆಯಲ್ಲಿ ತೀರ್ಪು ಬರೆಯುವ ಜಡ್ಜಿಗೆ ಕಾರು ಢಂ ಎನ್ನುವ ಭಯವಿಲ್ಲ. "ಹೋಗಲಿ ಬಿಡ್ರಿ. ಡಾಕ್ಟರ್‌ನ ಒಂದ ಮಾತು ಕೇಳ್ರಿ" ಎಂದಳು.

ಡಾಕ್ಟರು ಇಲ್ಲಿಯವರೇ, ಕೊಂಕಣಿಯವರು. ನನ್ನ ಹರಕು ಹಿಂದಿಯಲ್ಲಿ ಎಲ್ಲ ವಿವರಿಸಿದೆ: ಹೀಗೆ ಹೀಗೆ, ನಮ್ಮ ಮಾಮಾನಿಗೆ ಎರಡು ಸ್ಟೆಂಟು, ಬರುವ ರವಿವಾರ ಸಂಜೆ ನಾಲ್ಕಕ್ಕೆ ಸಡಾದಲ್ಲಿ ಹಾರ್ಟ್ ಅಟ್ಯಾಕ್ ಇದೆ, ಹೋಗಬಹುದೇ? ಅವರು ಪೆನ್ನು ಕೆಳಗಿಟ್ಟು ನನ್ನ ಬಿ.ಪಿ. ನೋಡಿದರು. ನನಗೇ ಒಂದು ಗುಳಿಗೆ ಬರೆದುಕೊಟ್ಟರು. ಮಾಮಾನ ಬಗ್ಗೆ, "ಅವರು ಗಟ್ಟಿ ಇದ್ದಾರೆ, ಜೋರಾಗಿ ಬೀಳದಿದ್ದರೆ ಸಾಕು" ಎಂದರು.

ಜೋರಾಗಿ ಬೀಳಬಾರದು ಎಂದದ್ದೇ ನಾನು ನಮ್ಮ ಅಂಗಡಿಯ ನಾಲ್ಕಿಂಚಿನ ಹತ್ತಿಯ ಗಾದಿಯೊಂದನ್ನು ತಾಲೀಮಿಗೆ ಹೊರಿಸಿಕೊಂಡು ಹೋದೆ. ಗೌಡ ಎಲ್ಲಿ ಬೀಳುತ್ತಾನೋ ಅಲ್ಲಿ ಹಾಸಿದೆ. ಮಾಮಾ ಗಾದಿಯನ್ನು ನೋಡಿದ, ನನ್ನನ್ನು ನೋಡಿದ. "ಗಾದಿ ಮ್ಯಾಲ ಸಾಯೋದು ಮನ್ಯಾಗಪಾ. ಅದಕ್ಕ ನಟ ಯಾಕ ಬೇಕು? ಯಾರ ಬೇಕಾದ್ರೂ ಸಾಯ್ತಾರ" ಎಂದು ಕಾಲಿನಿಂದ ಸರಿಸಿದ. ಆಮೇಲೆ ಬೀಳುವುದನ್ನು ಮಾಡಿ ತೋರಿಸಿದ. ಮೊದಲು ಮೊಣಕಾಲು, ಆಮೇಲೆ ಟೊಂಕ, ಆಮೇಲೆ ಭುಜ, ಕಡೆಗೆ ತಲೆ. ಒಂದು ಚಾದರವನ್ನು ಮಡಚಿ ಇಟ್ಟಷ್ಟು ಮೆತ್ತಗೆ. ಸದ್ದೇ ಇಲ್ಲ. ಇಪ್ಪತ್ತೆರಡು ವರ್ಷ ಚಾದರ ಮಡಚಿದ ನನಗೆ ನಾಚಿಕೆಯಾಗುವಂತೆ ಬಿದ್ದ. ಬಿದ್ದ ಮೇಲೆ ಆತನ ಹೊಟ್ಟೆ ಏರಿಳಿಯುತ್ತಿರಲಿಲ್ಲ. ಕಣ್ಣುರೆಪ್ಪೆ ಅಲುಗುತ್ತಿರಲಿಲ್ಲ. ನಾನು ಹತ್ತು ಎಣಿಸಿದೆ, ಇಪ್ಪತ್ತು ಎಣಿಸಿದೆ, ಇಪ್ಪತ್ತೊಂದಕ್ಕೆ ಹೋಗಿ ಹೆಗಲು ಹಿಡಿದು ಅಲ್ಲಾಡಿಸಿದೆ. ಮಾಮಾ ಎದ್ದು ಕೂತು ಬೈದ.

"ಮಾಮಾ, ನೀ ಮಾಡಿ ತೋರ್ಸಾಕತ್ತಿಯೋ, ಖರೇನಽ ಆಗಾಕತ್ತೈತೋ, ನನಗ ಹೆಂಗ ಗೊತ್ತಾಗಬೇಕು?"

"ಗೊತ್ತಾತಂದ್ರ ಅದು ಪಾತ್ರ ಅಲ್ಲ, ಬರೇ ಸೋಗು."

"ನನಗೊಬ್ಬಗರೆ ಗೊತ್ತಾಗಬೇಕು. ಇಲ್ಲಾಂದ್ರ ನಿನಗಿಂತ ಮೊದಲ ನಾ ಹೋಗ್ತೇನಿ."

ಬಹಳ ಹೊತ್ತಿನ ಜಗ್ಗಾಟದ ಮೇಲೆ ಕರಾರಾಯಿತು. ಸತ್ತು ಮಲಗಿದ ಮೇಲೆ ಎಡಗೈಯ ಹೆಬ್ಬೆಟ್ಟನ್ನು ಒಮ್ಮೆ ಅಲ್ಲಾಡಿಸಬೇಕು. ಎಡಗೈ ವಿಂಗಿನ, ಅಂದರೆ ಪಕ್ಕದ ಪರದೆಯ, ಕಡೆಗಿರುತ್ತದೆ, ಜನರಿಗೆ ಕಾಣುವುದಿಲ್ಲ, ನನಗೆ ಮಾತ್ರ ಕಾಣುತ್ತದೆ. ಅಲ್ಲಾಡಿದರೆ ಮಾಮಾ ಇದ್ದಾನೆ. ಅಲ್ಲಾಡದಿದ್ದರೆ ನಾಲಗೆಯ ಕೆಳಗಿಡುವ ಗುಳಿಗೆ ತಗೊಂಡು ನಾನು ಓಡಬೇಕು. ಮಾಮಾ ಒಲ್ಲದ ಮನಸ್ಸಿನಿಂದ ಒಪ್ಪಿದ. ಐವತ್ತೆಂಟು ವರ್ಷದ ಕಸುಬಿನಲ್ಲಿ ಇಂಥ ಹೀನ ಕೆಲಸ ಮಾಡಿಲ್ಲ ಎಂದು ಗೊಣಗಿದ.

ರವಿವಾರ ಬಂತು. ಸಡಾದ ಗುಡಿಯ ಮಗ್ಗುಲಿನ ಸಭಾಗೃಹ ತುಂಬಿತ್ತು. ರಾತ್ರಿ ಪಾಳಿಗೆ ಹೋಗುವವರಿಗೆ ಅನುಕೂಲವಾಗಲೆಂದು ನಾಲ್ಕಕ್ಕೇ ಪರದೆ ಎತ್ತಿದರು. ಅಂಗಡಿಯ ಬಾಗಿಲು ಹಾಕಿ ನೆಟ್ಟಗೆ ಓಡಿ ಬಂದಿದ್ದ ನಾನು ವಿಂಗಿನಲ್ಲಿ ನಿಂತಿದ್ದೆ. ಅಂಗಿಯ ಕಿಸೆಯಲ್ಲಿ ಗುಳಿಗೆ, ಒಂದು ಕೈಯಲ್ಲಿ ನೀರಿನ ಬಾಟಲಿ, ಇನ್ನೊಂದರಲ್ಲಿ ಆಂಬುಲೆನ್ಸಿನ ನಂಬರು ಒತ್ತಿ ಇಟ್ಟ ಫೋನು. ನಾಟಕದ ಕತೆ ಸರಳ. ಗೌಡನ ಹಿರಿಯ ಮಗ ಅಪ್ಪನೊಡನೆ ಜಗಳಾಡಿ ದುಡಿಯಲು ಗೋವಾಕ್ಕೆ ಹೋದವನು ಹತ್ತು ವರ್ಷ ತಿರುಗಿ ಬಂದಿಲ್ಲ. ಕಿರಿಯವನು ಪಾಲು ಕೇಳುತ್ತಾನೆ. ಗೌಡ ಹಿರಿಯವನ ದಾರಿ ನೋಡುತ್ತ ನೋಡುತ್ತ ಎದೆಯೊಡೆದು ಸಾಯುತ್ತಾನೆ. ನಾಟಕದಲ್ಲಿ ಹಿರಿಯ ಮಗ ಬರುವುದೇ ಇಲ್ಲ. ಆ ಪಾತ್ರಕ್ಕೆ ಜನ ಸಿಗಲಿಲ್ಲ ಎಂದು ಈರಣ್ಣ ಆತನನ್ನು ಬರದಂತೆ ಬರೆದಿದ್ದ.

ಮಾಮಾ ರಂಗದ ಮೇಲೆ ಬಂದಾಗ ನನಗೆ ಮೊದಲು ಗುರುತೇ ಸಿಗಲಿಲ್ಲ. ನಮ್ಮ ಮನೆಯಲ್ಲಿ ಮೆಟ್ಟಿಲು ಹತ್ತಲು ನನ್ನ ಹೆಗಲು ಹಿಡಿಯುವ ಮುದುಕ ಇವನಲ್ಲ. ಇವನ ದನಿ ಮೈಕಿಲ್ಲದೆ ಕಡೆಯ ಸಾಲಿನ ಗೋಡೆಗೆ ಬಡಿದು ತಿರುಗಿ ಬರುತ್ತಿತ್ತು. ನಡುವೆ ಕೆಳಗೆ ಬಂದರಿನಲ್ಲಿ ಒಂದು ಹಡಗು ಭೋಂ ಎಂದು ಉದ್ದಕ್ಕೆ ಕೂಗಿತು. ನಾನು ಎಂದಿನಂತೆ ಬೆಚ್ಚಿದೆ, ಬಾಟಲಿಯ ನೀರು ಚೆಲ್ಲಿದೆ. ಮಾಮಾ ಮಾತು ನಿಲ್ಲಿಸಿ, ಆ ಕೂಗು ಮುಗಿಯುವ ತನಕ ಸಮುದ್ರದ ದಿಕ್ಕಿಗೇ ನೋಡುತ್ತ ನಿಂತು, "ನನ್ನ ಮಗಾನೂ ಇಂಥಾದ್ದಽ ಎಲ್ಲೋ ಒಂದ ಕೂಗು ಕೇಳಕೋತ ಕುಂತಿರಬೇಕು" ಎಂದ. ಅದು ಈರಣ್ಣ ಬರೆದ ಮಾತಲ್ಲ. ಆಮೇಲೆ ಎದೆ ಹಿಡಿದ. ಮೊಣಕಾಲು, ಟೊಂಕ, ಭುಜ, ತಲೆ. ಎಡಗೈ ವಿಂಗಿನ ಕಡೆ, ನನ್ನಿಂದ ಐದು ಹೆಜ್ಜೆ ದೂರಕ್ಕೆ ಬಂದು ಬಿತ್ತು.

ನಾನು ಹೆಬ್ಬೆಟ್ಟನ್ನು ನೋಡಿದೆ. ಹೆಬ್ಬೆಟ್ಟು ಸುಮ್ಮನಿತ್ತು. ಐದು ಎಣಿಸಿದೆ. ಹತ್ತು ಎಣಿಸಿದೆ. ಕಿರಿಯ ಮಗನ ಪಾತ್ರದವನು ಅಳುತ್ತಿದ್ದ, ಹಾರ್ಮೋನಿಯಂ ಅಳುತ್ತಿತ್ತು, ಹೆಬ್ಬೆಟ್ಟು ಮಾತ್ರ ಯಾವುದಕ್ಕೂ ಸಂಬಂಧವಿಲ್ಲದಂತೆ ಹಲಗೆಯ ಮೇಲೆ ಬಿದ್ದಿತ್ತು. ಹದಿನೈದು. ಹದಿನಾರನ್ನು ನಾನು ಎಣಿಸಲಿಲ್ಲ. ಜೀವನದಲ್ಲಿ ಸಾವಿರ ಸಲ ಸುಳ್ಳು ಗಾಬರಿ ಬಿದ್ದವನಿಗೆ ಖರೇ ಗಾಬರಿ ಹೇಗಿರುತ್ತದೆ ಎಂದು ಅವತ್ತು ಗೊತ್ತಾಯಿತು. ಅದರಲ್ಲಿ ಎದೆ ಹೊಡೆದುಕೊಳ್ಳುವುದಿಲ್ಲ. ಕಿವಿ ಕೇಳಿಸುವುದಿಲ್ಲ. ಅವ್ವ ಹೊಸ್ತಿಲಲ್ಲಿ ಉಪ್ಪು ಹಿಡಿದು ನಿಂತದ್ದು ಒಂದು ಕಂಡಿತು, ಅಷ್ಟೇ. "ಯಪ್ಪಾ" ಎಂದು ಕಿರುಚಿ ನಾನು ರಂಗದ ಮೇಲೆ ಓಡಿದೆ. ಕಾಲು ತೊಡರಿ ಮಾಮಾನ ಪಕ್ಕ ದೊಪ್ಪನೆ ಬಿದ್ದೆ. ಮಡಚಿದ ಚಾದರದಂತಲ್ಲ, ಹಮಾಲ ಎತ್ತಿ ಒಗೆದ ಗಾದಿಯಂತೆ. ತಲೆಯನ್ನು ತೊಡೆಯ ಮೇಲೆ ಎತ್ತಿಕೊಂಡೆ. ಗುಳಿಗೆ ಕೈಯಿಂದ ಜಾರಿ ಎಲ್ಲೋ ಉರುಳಿತು. "ತಡಾ ಆತು ನೋಡು, ನಂದಽ ತಪ್ಪು, ಕಳಸಬಾರದಿತ್ತು, ನಂದಽ ತಪ್ಪು" ಎಂದು ಏನೇನೋ ಒದರಿ ಅತ್ತೆ.

ಆಗ ಸಭೆಯಲ್ಲಿ ಒಂದು ಹೆಣ್ಣುದನಿ ಬಿಕ್ಕಿತು: "ಬಂದಾ ನೋಡವಾ, ಹಿರೇ ಮಗಾ." ಇನ್ನೊಂದು ದನಿ, ಮೂಗು ಸೀಟುತ್ತ: "ಟೇಲರ್ ಆಗ್ಯಾನ. ಕೊಳ್ಳಾಗ ಟೇಪ ಐತಿ." ನೋಡಿಕೊಂಡರೆ ಗಡಿಬಿಡಿಯಲ್ಲಿ ಅಂಗಡಿಯ ಟೇಪು ಕೊರಳಲ್ಲೇ ಉಳಿದಿತ್ತು. ಇಡೀ ಸಭಾಗೃಹ ಅಳಲು ಶುರುಮಾಡಿತು. ಆಮೇಲೆ ಯೋಚಿಸಿದಾಗ ನನಗೆ ತಿಳಿಯಿತು: ಅಲ್ಲಿ ಕೂತವರಲ್ಲಿ ಅರ್ಧಕ್ಕರ್ಧ ಜನ ಇಂಥದೇ ಒಂದು ಫೋನು ಬಂದು, ಸಿಕ್ಕ ಬಸ್ಸು ಹತ್ತಿ ಊರಿಗೆ ಓಡಿ, ಎಲ್ಲ ಮುಗಿದ ಮೇಲೆ ಮುಟ್ಟಿದವರು. ಅವರಿಗೆ ಅದು ನಾಟಕವಾಗಿರಲಿಲ್ಲ. ನನಗಂತೂ ಮೊದಲೇ ಆಗಿರಲಿಲ್ಲ. ಅಲ್ಲಿ ನಾಟಕ ಮಾಡುತ್ತಿದ್ದವನು ಒಬ್ಬನೇ, ಅವನು ನನ್ನ ತೊಡೆಯ ಮೇಲಿದ್ದ. ತುಟಿ ಅಲುಗದಂತೆ, ಕಣ್ಣು ತೆರೆಯದೆ, ಹೆಣದೊಳಗಿನಿಂದ ಒಂದು ಪಿಸುಮಾತು ಬಂತು: "ಟೇಪು ನನ್ನ ಮೂಗಿನ್ಯಾಗ ಹೊಂಟೈತಿ. ಅದನ್ನ ಸರಸು. ಅಳೂದು ನಿಲ್ಲಿಸಬ್ಯಾಡ."

ನಾನು ಅಳುವುದನ್ನು ನಿಲ್ಲಿಸಬೇಕೆಂದರೂ ಆಗುತ್ತಿರಲಿಲ್ಲ. ಪರದೆ ಬೀಳುವ ಮೊದಲೇ ಹಿಂದಿನ ಸಾಲಿನಿಂದ ಒಬ್ಬ 'ವನ್ಸ್ ಮೋರ್' ಎಂದ. ಆಮೇಲೆ ಎಲ್ಲರೂ ಎಂದರು. ಮಾಮಾ ನನ್ನ ತೊಡೆಯ ಮೇಲಿಂದ ಎದ್ದ, ಧೋತರ ಝಾಡಿಸಿದ, ಸಭೆಗೆ ಕೈಮುಗಿದ. ಹದಿನೆಂಟರ ಹುಡುಗನ ಮುಖವಿತ್ತು. "ನೀ ಒಳಗ ಹೋಗಿ ಮತ್ತ ಓಡಿ ಬಾ" ಎಂದು ನನಗೆ ಹೇಳಿ ಮೊದಲಿನಿಂದ ಸತ್ತ. ಈ ಸಲ ಎಡಗೈಯ ಹೆಬ್ಬೆಟ್ಟನ್ನು ಮುಂದಿನ ಮೂರು ಸಾಲಿಗೆ ಕಾಣುವಷ್ಟು ಅಲ್ಲಾಡಿಸಿದ. ನಾನು ಓಡಿ ಬರಲಿಲ್ಲ; ಸಭೆಯಲ್ಲಿ ಕೂತಿದ್ದ ನಿರ್ಮಲಾ ಎದ್ದು ಬಂದು ವಿಂಗಿನಲ್ಲಿ ನನಗೆ ಸಕ್ಕರೆ ನೀರು ಕುಡಿಸುತ್ತಿದ್ದಳು.

ಮನೆಗೆ ಬರುವಾಗ ರಿಕ್ಷಾದಲ್ಲಿ ಕೇಳಿದೆ, "ಮಾತು ಕೊಟ್ಟಿದ್ದಿಯಲ್ಲ, ಮೊದಲನೇ ಸಲ ಯಾಕ ಅಲ್ಲಾಡಿಸಲಿಲ್ಲ?" ಮಾಮಾ ರಸ್ತೆಬದಿಯ ಕಲ್ಲಿದ್ದಲ ಧೂಳು ಕೂತ ಗಿಡಗಳನ್ನು ನೋಡಿದ. "ಮರತೆ ಅಂತ ಸುಳ್ಳ ಹೇಳಂಗಿಲ್ಲಪಾ. ನೆನಪಿತ್ತು. ಆದರ ಆ ಹೊತ್ತಿನ್ಯಾಗ ಹೆಬ್ಬೆಟ್ಟು ನಂದಲ್ಲ, ಗೌಡಂದು. ಅವನ ಕರಾರು ನಿನ್ನ ಕೂಡ ಇರಲಿಲ್ಲ" ಎಂದ. ಮನೆಯ ಹೊಸ್ತಿಲಲ್ಲಿ ನಾನು ಆತನನ್ನು ನಿಲ್ಲಿಸಿ ಉಪ್ಪು ಮೆಣಸಿನಕಾಯಿ ಇಳಿಸಿದೆ. ಎರಡು ಸಲ.

ಇಲ್ಲಿಗೆ ಮುಗಿದಿದ್ದರೆ ನಾನೂ ಸಣ್ಣ ಕಲಾವಿದನಾಗಿ ಉಳಿಯುತ್ತಿದ್ದೆ. ಆದರೆ ಈರಣ್ಣ ಮರುದಿನವೇ ಬಂದು ಈ ಸಲ ನನ್ನ ಪಾದ ಮುಟ್ಟಿದ. ಸಾಂಖಳಿ ಊರಿನ ನಮ್ಮ ಜನ ನಾಟಕ ಕರೆಸಿದ್ದಾರೆ, ಹಿರಿಯ ಮಗ ಇರಲೇಬೇಕಂತೆ, ಟೇಪೂ ಇರಬೇಕಂತೆ. ನಾನು ಬೇಡ ಎನ್ನಬೇಕಾಗಿತ್ತು. ಆದರೆ ಆ ವಾರವೆಲ್ಲ ಸಡಾದಿಂದ ಬಂದ ಗಿರಾಕಿಗಳು, "ಭಾಳ ಛಂದ ಅತ್ತೀರಿ" ಎಂದು ಹೇಳಿ, ಹಾಗೆ ಹೇಳಿದ್ದಕ್ಕೆ ಒಂದೊಂದು ದಿಂಬಿನ ಕವರನ್ನೂ ಕೊಂಡುಹೋಗಿದ್ದರು. ಐವತ್ಮೂರು ವರ್ಷ ಬೈಗುಳಕ್ಕೆ ಮಾತ್ರ ಕಾರಣವಾಗಿದ್ದ ನನ್ನ ಗಾಬರಿಗೆ ಮೊದಲ ಸಲ ಚಪ್ಪಾಳೆ ಬಿದ್ದಿತ್ತು. ಒಪ್ಪಿಕೊಂಡೆ. ಕನ್ನಡಿಯ ಮುಂದೆ ನಿಂತು ಗಾಬರಿಯ ತಾಲೀಮು ನಡೆಸಿದೆ. ಏನು ಹೇಳಲಿ, ಬರಲೇ ಇಲ್ಲ. ಕಣ್ಣು ಅಗಲ ಮಾಡಿದರೆ ಹಲ್ಲುನೋವಿನವನ ಹಾಗೆ ಕಾಣುತ್ತಿತ್ತು. ಬೆಳಗ್ಗೆ ಪಾವಿನವನ ಪೋಂಪೋಂಗೆ ಮುಖ ಹೇಗಾಗುತ್ತದೆ ನೋಡೋಣವೆಂದು ಕನ್ನಡಿ ಹಿಡಿದು ಕಾದೆ. ಅವತ್ತು ಅವನು ಒತ್ತಿದ, ನಾನು ಬೆಚ್ಚಲಿಲ್ಲ. ಇಪ್ಪತ್ತೆರಡು ವರ್ಷದಲ್ಲಿ ಮೊದಲ ಸಲ. ನಿರ್ಮಲಾ ಗಾಬರಿಯಾದಳು.

"ಖರೇ ಗಾಬರಿ ಒಂದ ಸಲ ಬರತೈತಿ. ಎರಡನೇದ್ದಕ್ಕ ಕಸಬು ಬೇಕು" ಎಂದ ಮಾಮಾ. ಆಮೇಲೆ ಕನಿಕರದಿಂದ ಸೇರಿಸಿದ, "ನೀ ಚಿಂತೀ ಮಾಡಬ್ಯಾಡ. ಸಡಾದಾಗ ನಿನ್ನ ಮಾರಿ ಕಣ್ಣಸಂದ್ಯಾಗ ನೋಡಿದೆ. ನಿನಗಽ ಏನರೆ ಆದೀತು ಅಂತ ನನ್ನ ಎದಿ ಹೊಡಕೊಂಡಿತು. ಸಾಂಖಳ್ಯಾಗ ಮರೀದಽ ಅಲ್ಲಾಡಸ್ತೇನಿ."

ಅಲ್ಲಾಡಿಸಿದ. ಅದೇ ತಪ್ಪಾಯಿತು. ಸಾಂಖಳಿಯ ವಿಂಗಿನಲ್ಲಿ ಉಸಿರು ಬಿಗಿಹಿಡಿದು ನಿಂತಿದ್ದೆ. ಮೊಣಕಾಲು, ಟೊಂಕ, ಭುಜ, ತಲೆ. ಐದು ಎಣಿಸುವಷ್ಟರಲ್ಲಿ ಎಡಗೈಯ ಹೆಬ್ಬೆಟ್ಟು ಮೇಲೆ ಕೆಳಗೆ, ಮೇಲೆ ಕೆಳಗೆ, 'ಇದ್ದೇನಪಾ, ಇದ್ದೇನಿ' ಎನ್ನುವಂತೆ ಕುಣಿಯಿತು. ನನ್ನ ಎದೆಯ ಮೇಲಿನ ಕಲ್ಲು ಇಳಿದು ಹೋಯಿತು. ಅಷ್ಟು ಹಗುರ ನನಗೆ ಎಂದೂ ಆದದ್ದಿಲ್ಲ. ಆ ಹಗುರದಲ್ಲೇ ರಂಗದ ಮೇಲೆ ಓಡಿದೆ, ಅಪ್ಪನ ತಲೆಯನ್ನು ತೊಡೆಯ ಮೇಲೆ ಎತ್ತಿಕೊಂಡೆ, ಸಭೆಗೆ ಮುಖ ತೋರಿಸಿದೆ. ಆ ಮುಖದಲ್ಲಿ ಏನಿತ್ತು ಎಂಬುದು ನನಗೆ ಗೊತ್ತಿರಲಿಲ್ಲ. ಆಟ ಮುಗಿದ ಮೇಲೆ ಗದಗಿನ ಕಡೆಯ ಒಬ್ಬ ಹಿರಿಯರು ಮಾಮಾನ ಹತ್ತಿರ ಬಂದು ಹೇಳಿದರು: "ಗೌಡ್ರ, ನೀವು ಸತ್ತದ್ದು ಭಾಳ ಚಲೋ ಬಂತ್ರಿ. ಆದರ ಆ ನಿಮ್ಮ ಹಿರೇ ಮಗಾ, ಆಸ್ತಿ ಬಂತಂತ ಹಲ್ಲ ಕಿಸ್ಯಾಕತ್ತಿದ್ದ. ಅಂಥವನ ದಾರಿ ನೀವು ಹತ್ತು ವರ್ಷ ಯಾಕ ನೋಡಿದ್ರಿ?"

ಅಲ್ಲಿಗೆ ನನ್ನ ರಂಗಜೀವನ ಮುಗಿಯಿತು. ಈರಣ್ಣ ಹಿರಿಯ ಮಗನ ಪಾತ್ರಕ್ಕೆ ನಿಜವಾದ ಟೇಲರನನ್ನೇ ಹುಡುಕಿಕೊಂಡಿದ್ದಾನೆ. ಮಾಮಾ ಈಗ ತಿಂಗಳಿಗೊಮ್ಮೆ ಎಲ್ಲಾದರೂ ಸಾಯುತ್ತಾನೆ. ಡಾಕ್ಟರು ಆತನ ಎದೆ ಮೊದಲಿಗಿಂತ ಚೆನ್ನಾಗಿದೆ ಎನ್ನುತ್ತಾರೆ. ನಾನು ವಿಂಗಿನಲ್ಲಿ ಗುಳಿಗೆ ಹಿಡಿದು ನಿಲ್ಲುವ ಕೆಲಸಕ್ಕೆ ತಿರುಗಿ ಬಂದಿದ್ದೇನೆ. ಈ ಚಟ ಮನೆಗೂ ಬಂದುಬಿಟ್ಟಿದೆ. ಮಧ್ಯಾಹ್ನ ಊಟವಾಗಿ ಮಾಮಾ ಪಡಸಾಲೆಯ ಗಾದಿಯ ಮೇಲೆ ಅಡ್ಡಾದರೆ ಸಾಕು, ಹೋಗಿ ಬಾಗಿಲಲ್ಲಿ ನಿಂತು ಎಡಗೈ ನೋಡುತ್ತೇನೆ. ಆತ ಕಣ್ಣು ತೆರೆಯುವುದಿಲ್ಲ. ಬೇಸರದಿಂದ ಒಮ್ಮೆ ಹೆಬ್ಬೆಟ್ಟು ಅಲ್ಲಾಡಿಸುತ್ತಾನೆ. ನಾನು ಅಂಗಡಿಗೆ ಹೋಗುತ್ತೇನೆ.

ಹೋದ ವಾರ ನನಗೆ ಸ್ವಲ್ಪ ಜ್ವರವಿತ್ತು. ಅಂಗಡಿಗೆ ಹೋಗದೆ ಮಧ್ಯಾಹ್ನ ಮಲಗಿದ್ದೆ. ಯಾವಾಗಲೋ ನಿದ್ದೆಯಲ್ಲೇ, ಯಾರೋ ನೋಡುತ್ತಿದ್ದಾರೆ ಅನ್ನಿಸಿ ಎಚ್ಚರವಾಯಿತು. ಕಾಲ ಬುಡದಲ್ಲಿ ಮಾಮಾ ನಿಂತಿದ್ದ. ಒಂದು ಕೈಯಲ್ಲಿ ಆತನದೇ ಗುಳಿಗೆ, ಇನ್ನೊಂದರಲ್ಲಿ ನೀರಿನ ತಂಬಿಗೆ. ಕಣ್ಣು ನನ್ನ ಎಡಗೈಯ ಮೇಲೆ ನೆಟ್ಟಿತ್ತು. ಮುಖ ಬಿಳಿಚಿತ್ತು. ಐವತ್ತೆಂಟು ವರ್ಷದ ಕಸುಬಿನಲ್ಲಿ ಯಾವ ಪಾತ್ರಕ್ಕೂ ಆತ ಆ ಮುಖ ಮಾಡಿರಲಾರ. ಅದು ನಮ್ಮ ಅವ್ವನ ಮುಖ, ನನ್ನ ಮುಖ.

"ಎಷ್ಟೊತ್ತಾತಪಾ ನೋಡಾಕತ್ತು" ಎಂದ. "ಒಂದ ಸಲ ಅಲ್ಲಾಡಸು."

ನಾನು ಕಣ್ಣು ಮುಚ್ಚಿಕೊಂಡೇ ಅಲ್ಲಾಡಿಸಿದೆ.